ಬಾ ಎನ್ನುವವರಿಲ್ಲದ ಊರಿಗೆ

ಮರಳಿನ ಶಕೆ ೩೧೨, ಅಧಿಕ ಮಾಘದ ಮೂವತ್ತೆರಡನೆಯ ದಿನ
ಹೊಸಕಡವು, ತುಂಗಭದ್ರೆಯ ಎಡದಂಡೆ

ಹಿಂದಿನವರಿಗೆ ಕಡವಿನ ಹಾಲಮ್ಮನ ನಮಸ್ಕಾರ.

ಮೂವತ್ತೆರಡನೆಯ ದಿನವೇ ಎಂದು ಹುಬ್ಬೇರಿಸಬೇಡಿ. ನಮ್ಮಲ್ಲಿ ದೂರ ಹೋಗಿ ಬಂದವರ ಬಟ್ಟೆಗೆ ಅಷ್ಟಿಷ್ಟು ಹೊತ್ತು ಅಂಟಿಕೊಂಡು ಬಂದಿರುತ್ತದೆ. ಅದನ್ನೆಲ್ಲ ಕೊಡವಿ, ಕೂಡಿಸಿ, ತಿಂಗಳ ಕೊನೆಗೆ ಎರಡು ದಿನ ಮಾಡಿ ಇಡುತ್ತೇವೆ. ಅವಕ್ಕೆ ಉಳಿಕೆ ದಿನ ಎಂದು ಹೆಸರು. ಆಗ ಯಾರೂ ಕೆಲಸಕ್ಕೆ ಹೋಗುವುದಿಲ್ಲ. ತಲೆಗೆ ಎಣ್ಣೆ ಹಚ್ಚಿಕೊಂಡು, ಅರ್ಧಕ್ಕೆ ನಿಂತ ಜಗಳಗಳನ್ನು ಮುಗಿಸಿಕೊಳ್ಳುತ್ತೇವೆ. ನಾನೂ ಅದಕ್ಕೇ ಕೂತಿದ್ದೇನೆ. ನನ್ನ ಜಗಳ ನಿಮ್ಮ ಜೊತೆ.

ಹಿಂದಿನವರಿಗೆ ಬರೆಯುವಾಗ, ಮಾತು ವಿಚಿತ್ರವೆನಿಸಿದರೆ ಕ್ಷಮಿಸಿ ಎಂದು ಮೊದಲೇ ಕೇಳಿಕೊಳ್ಳುವುದು ಮರ್ಯಾದೆ. ಕೇಳಿದ್ದೇನೆ. ಇನ್ನೊಂದು ಸಲ ಕೇಳುವುದಿಲ್ಲ. ನಮ್ಮೂರಿನ ಹಳೆಯಕ್ಷರದ ಮೇಷ್ಟರು ಪಕ್ಕದಲ್ಲಿ ಕೂತು ನಿಮ್ಮ ಕಾಲದ ಕನ್ನಡಕ್ಕೆ ನನ್ನ ಮಾತನ್ನು ತಿದ್ದುತ್ತಿದ್ದಾರೆ. ಸ್ವಲ್ಪ ಮೆತ್ತಗೆ ಬರೀರಿ ಹಾಲಮ್ಮ ಎಂದು ಈಗಾಗಲೇ ಎರಡು ಸಲ ಹೇಳಿದರು. ಮೆತ್ತಗೆ ಬರೆಯುವ ಕಾಲ ಮುಗಿಯಿತು ಎಂದೆ.

ಮೊದಲು ಮರಳಿನ ವಿಷಯ. ಮರಳು ಎಂದಕೂಡಲೇ ನಿಮಗೆ ಲಾರಿ ನೆನಪಾಗುತ್ತದೆ, ನನಗೆ ಗೊತ್ತು. ಹೊಳೆಯ ಹೊಟ್ಟೆ ಬಗೆದು ಲಾರಿಗೆ ತುಂಬಿದವರಲ್ಲವೇ ನೀವು! ನೀವು ಬಗೆದು ಬಿಟ್ಟ ಗುಂಡಿಗಳಲ್ಲಿ ತಲೆಮಾರುಗಟ್ಟಲೆ ನೀರು ನಿಂತು, ಇಂಗಿ, ಮತ್ತೆ ನಿಂತು, ನೇರಳೆ ಬಣ್ಣದ ಒಂದು ಪುಡಿ ತಳದಲ್ಲಿ ಕೂಡಿತು. ಹಿಡಿದರೆ ಆಗಷ್ಟೇ ಒಲೆಯಿಂದ ಇಳಿಸಿದ ಹಿಟ್ಟಿನಷ್ಟು ಬೆಚ್ಚಗೆ. ಮಡಿಲಿಗೆ ತುಂಬಿಕೊಂಡು ಮನೆಗೆ ತಂದರೆ ಮಾರನೆಯ ಬೆಳಿಗ್ಗೆ ಮಡಿಲು ಖಾಲಿ, ಪುಡಿ ಮತ್ತೆ ಅದೇ ಗುಂಡಿಯಲ್ಲಿ. ಎಷ್ಟು ಸಲ ತಂದರೂ ಅಷ್ಟೇ. ಅದಕ್ಕೇ ನಮ್ಮ ಮುತ್ತಜ್ಜಿಯರು ಅದನ್ನು ಮರಳು ಎಂದು ಕರೆದರು. ಕಾಲಿಗೆ ಸಿಗುವ ಪುಡಿ ಎಂದಲ್ಲ, ಮರಳಿ ಬರುವಂಥದ್ದು ಎಂದು. ಹೋದದ್ದು ತಿರುಗಿ ಬಂದರೆ ಅದನ್ನು ಮರಳುವುದು ಎನ್ನುತ್ತಾರೆಂದು ಕನ್ನಡದವರಿಗೇ ನಾನು ಬಿಡಿಸಿ ಹೇಳಬೇಕಾಗಿದೆ, ನೋಡಿ ನನ್ನ ಹಣೆಬರಹ.

ಆ ಮುತ್ತಜ್ಜಿಯರೇ ಇನ್ನೊಂದನ್ನು ಕಂಡುಕೊಂಡರು. ಮರಳು ಮಾತು ಕೇಳುತ್ತದೆ, ಇರು ಎಂದರೆ ಇಟ್ಟಲ್ಲೇ ಇರುತ್ತದೆ. ಬುತ್ತಿಯ ಗಂಟಿಗೆ ಒಂದು ಚಿಟಿಕೆ ಉದುರಿಸಿ, ಇಂಥ ಹೊಲಕ್ಕೆ ಹೋಗಿ ಬಾ ಎಂದರೆ ಬುತ್ತಿ ಎದ್ದು ಹೊಲಕ್ಕೆ ಹೋಗುತ್ತದೆ, ಉಂಡಾದ ಮೇಲೆ ಖಾಲಿ ಡಬ್ಬಿ ತಾನೇ ಮನೆಗೆ ಬರುತ್ತದೆ. ಏರುಗೊಡ ಎಂಬ ನಮ್ಮ ಕೊಡಗಳು ಬೆಳಿಗ್ಗೆ ಹೊಳೆಗೆ ಹೋಗಿ ನೀರು ತುಂಬಿಕೊಂಡು ಮಾಳಿಗೆ ಏರುತ್ತವೆ. ಇದೆಲ್ಲ ನಡೆಯುವುದು ಹೋಗಿ ಬಾ ಎಂದರೆ ಮಾತ್ರ. ಅವಸರದಲ್ಲಿ ಬರೀ ಹೋಗು ಎಂದಿರೋ, ಹೋಯಿತು, ಅಷ್ಟೇ. ನಮ್ಮ ಮನೆಯಿಂದಲೇ ಎರಡು ಡಬ್ಬಿ, ಒಂದು ರೊಟ್ಟಿ ಹೆಂಚು ಹಾಗೆ ಹೋಗಿವೆ. ನಿಮ್ಮ ಕಾಲದ ಗಂಡ ಹೆಂಡಿರು ದಿನಕ್ಕೆ ಹತ್ತು ಸಲ ಹೋಗ್ ಅತ್ಲಾಗೆ ಎನ್ನುತ್ತಿದ್ದಿರಂತೆ. ನಮ್ಮಲ್ಲಿ ಮರಳಿನ ಮೂಟೆಯ ಹತ್ತಿರ ಹಾಗೆನ್ನುವುದು ಅಪರಾಧ. ನಮ್ಮ ಓಣಿಯಲ್ಲೊಬ್ಬಳು ಮೂಟೆಯ ಮೇಲೆ ಕಾಲು ಚಾಚಿ ಕೂತಿದ್ದ ಗಂಡನಿಗೆ ಹಾಗೆಂದು ಬಿಟ್ಟಳು. ಒಂಬತ್ತು ದಿನದ ಮೇಲೆ ಅವನು ಕಾರವಾರದ ಒಂದು ತೆಂಗಿನಮರದ ತುದಿಯಲ್ಲಿ ಸಿಕ್ಕ. ನಡೆದುಕೊಂಡು ಬಂದ. ಈಗ ಇಬ್ಬರೂ ತುಂಬಾ ಮೆತ್ತಗೆ ಮಾತಾಡುತ್ತಾರೆ.

ಮನುಷ್ಯರನ್ನು ಒಯ್ಯುವುದು ಮರಳುಬಂಡಿ. ಬಿದಿರಿನ ಮೈ, ತಾಮ್ರದ ತಳ, ಗಾಲಿ ಇಲ್ಲ, ನಡುವೆ ಮರಳು ತುಂಬಿದ ಒಂದು ಚೆಂಬು. ಬಂಡಿ ಕಡವಿನ ಕಟ್ಟೆಯಿಂದ ಹೊರಡುತ್ತದೆ. ಹೊರಡುವವರು ಊರಿನ ಹೆಸರು ಹೇಳಿ, ಹೋಗಿ ಬರ್ತೀನಿ ಎನ್ನಬೇಕು. ಕಟ್ಟೆಯ ಮೇಲೆ ಉಳಿಯುವ ಒಬ್ಬರು ಅವರ ಮುಖ ನೋಡಿ, ಹೋಗಿ ಬಾ ಎನ್ನಬೇಕು. ಎರಡೂ ಮಾತು ಕೂಡಿದರೆ ಚೆಂಬಿನ ಅರ್ಧ ಮರಳು ಹೋಗುವುದಕ್ಕೆ ಏಳುತ್ತದೆ, ಉಳಿದರ್ಧ ಬರುವುದಕ್ಕೆಂದು ಸುಮ್ಮನೆ ಕೂರುತ್ತದೆ. ಹಿಂದಿರುಗುವಾಗಲೂ ಹಾಗೆಯೇ, ಆ ಊರಿನವರೊಬ್ಬರು ಹೋಗಿ ಬಾ ಎಂದು ಕಳಿಸಿಕೊಡಬೇಕು. ಯಾರೂ ಕಳಿಸಿಕೊಡದೆ ಮರಳು ಯಾರನ್ನೂ ತಿರುಗಿ ತರುವುದಿಲ್ಲ. ಹೀಗೆ ಕಟ್ಟೆಯ ಮೇಲೆ ಕೂತು ಬಾ ಎನ್ನುವವಳಿಗೆ ಬಾಗಾರ್ತಿ ಎಂದು ಹೆಸರು. ನಾನು ನಲವತ್ತೊಂದು ವರ್ಷ ಹೊಸಕಡವಿನ ಬಾಗಾರ್ತಿ. ನೆಗಡಿಯಾಗಿ ಗಂಟಲು ಕಟ್ಟಿದ ದಿನವೂ ಮೆಣಸಿನ ಕಷಾಯ ಕುಡಿದು ಬಂದು ಬಾ ಎಂದಿದ್ದೇನೆ. ನಾನು ಬಾ ಎಂದವರಲ್ಲಿ ಬಾರದೆ ಉಳಿದವರು ಒಬ್ಬರೂ ಇಲ್ಲ.

ಹೋದ ವರ್ಷ ನಮ್ಮ ಸಂಚಾರ ಮಂಡಳಿಗೆ ಹೊಸ ಬುದ್ಧಿ ಬಂತು. ಮಂಡಳಿಯ ವೇಳೆಗಾರರು, ಅಂದರೆ ಬಂಡಿಗಳ ಹೊತ್ತು ನೋಡಿಕೊಳ್ಳುವ ಅಧಿಕಾರಿ, ವಾಗೀಶಯ್ಯ ಎಂಬುವರು. ಹೆಸರಿಗೆ ವಾಗೀಶ, ಮಾತಿನ ಬೆಲೆ ಮಾತ್ರ ಗೊತ್ತಿಲ್ಲ. ಅರ್ಧ ಮರಳು ಸುಮ್ಮನೆ ಕೂತಿರುವುದು ದಂಡ, ಪೂರ್ತಿ ಮರಳು ಹೋಗುವುದಕ್ಕೇ ಎದ್ದರೆ ಬಂಡಿ ಎರಡರಷ್ಟು ದೂರ ಹೋಗುತ್ತದೆ, ಬರುವುದನ್ನು ಆಮೇಲೆ ನೋಡಿಕೊಂಡರಾಯಿತು ಎಂಬುದು ಅವರ ವಾದ. ಮಾತಿನ ಮಿತವ್ಯಯ ಆದೇಶ ಎಂದು ಒಂದು ಕಾಗದ ಬಂತು. ಇನ್ನು ಮುಂದೆ ಹೊರಡುವವರು ಹೊರಟೆ ಎಂದಷ್ಟೇ ಹೇಳತಕ್ಕದ್ದು. ಬಾಗಾರ್ತಿಯರು ಕಟ್ಟೆಯ ಮೇಲೆ ಇರಬಹುದು, ಮಾತಾಡಕೂಡದು. ನನ್ನ ಜಾಗದಲ್ಲಿ ಒಂದು ಹಿತ್ತಾಳೆ ಗಿಳಿಯನ್ನು ತಂದು ನೆಟ್ಟರು. ಅದರ ಹೊಟ್ಟೆಯಲ್ಲಿ ಯಾವನದೋ ದನಿ ಇತ್ತು. ಬಂಡಿ ಅಲುಗಿದಾಗಲೆಲ್ಲ ಅದು ಕೊಕ್ಕು ತೆರೆದು ಶುಭ ಪ್ರಯಾಣ ಎನ್ನುತ್ತಿತ್ತು. ಹೋಗುವವರ ಹೆಸರು ಗೊತ್ತಿಲ್ಲ, ಅವರ ಮನೆಯಲ್ಲಿ ಒಲೆಯ ಮೇಲೆ ಏನಿದೆ ಗೊತ್ತಿಲ್ಲ, ಮಳೆ ಬಂದರೆ ಕಿಲುಬು ಹಿಡಿಯುತ್ತದೆ. ಅದಕ್ಕೆ ಬಂದೀತೇ ಬಾ ಎನ್ನುವುದು!

ನಾನು ಮಂಡಳಿಗೆ ಹೋಗಿ ಕೂಗಾಡಿದೆ. ವಾಗೀಶಯ್ಯ ಒಂದು ದಪ್ಪ ಪುಸ್ತಕ ತೆಗೆದು ತೋರಿಸಿದರು. ಅದರಲ್ಲಿ, ಮರಳು: ಕಲ್ಲಿನ ಸಣ್ಣ ಪುಡಿ, ನದೀಪಾತ್ರದಲ್ಲಿ ದೊರೆಯುವಂಥದ್ದು ಎಂದಿತ್ತು. ಅಷ್ಟೇ. ಮರಳಿ ಬರುವ ಮಾತೇ ಇಲ್ಲ. ಬರ್ತೀನಿ ಅನ್ನೋದು ಬರೀ ಬಾಯಿಮಾತು ಕಣವ್ವ, ಅಭ್ಯಾಸಬಲ ಎಂದು ನಕ್ಕರು. ಆ ಪುಸ್ತಕ ಯಾವುದರಿಂದ ನಕಲು ಮಾಡಿದ್ದು ಎಂದು ಕೇಳಿದೆ. ಹಿಂದಿನವರ ಕಾಲದ್ದು ಎಂದರು. ಅಂದರೆ ನೀವು! ಅಲ್ಲಿಗೆ ನನಗೆ ಬೇರು ಎಲ್ಲಿದೆ ಎಂದು ತಿಳಿಯಿತು.

ಈಗ ನನ್ನ ತಂಗಿಯ ವಿಷಯಕ್ಕೆ ಬರುತ್ತೇನೆ. ಇಷ್ಟು ಹೊತ್ತು ಸುತ್ತಿ ಬಳಸಿ ಬರೆದದ್ದು ಅದನ್ನು ಬರೆಯಲಾಗದೆ. ಕೊಟ್ರವ್ವ ನನಗಿಂತ ಹದಿನಾಲ್ಕು ವರ್ಷ ಚಿಕ್ಕವಳು. ಅವ್ವ ಹೋದಾಗ ಅವಳಿಗೆ ಹಾಲುಹಲ್ಲು ಇನ್ನೂ ಬಿದ್ದಿರಲಿಲ್ಲ. ಸಾಕಿದವಳು ನಾನು. ಬಂಡಿ ನಡೆಸುವ ಕೆಲಸಕ್ಕೆ ಸೇರಿ ಹನ್ನೆರಡು ವರ್ಷವಾಗಿತ್ತು. ಪ್ರತಿ ಸಲ ಹೊರಡುವಾಗ ಬಂಡಿಯಿಂದ ಅರ್ಧ ಮೈ ಹೊರಗೆ ಚಾಚಿ, ಅಕ್ಕಾ, ಹೋಗಿ ಬರ್ತೀನಿ ಎಂದು ಕಟ್ಟೆಯೇ ಅದುರುವಂತೆ ಕೂಗುತ್ತಿದ್ದಳು. ಹೋಗಿ ಬಾರೇ, ಕಿವಿ ಕಿತ್ತುಹೋಯ್ತು ಎನ್ನುತ್ತಿದ್ದೆ. ಸಂಜೆ ಬರುವಾಗ ಹೋದ ಊರಿನ ತಿಂಡಿ ಏನಾದರೂ ಸೆರಗಿನಲ್ಲಿ ಕಟ್ಟಿಕೊಂಡು ಬರುತ್ತಿದ್ದಳು, ಅರ್ಧ ತಾನೇ ತಿಂದಿರುತ್ತಿದ್ದಳು.

ಹೊಸ ಆದೇಶದ ಮೊದಲ ಪರೀಕ್ಷೆಯ ಓಟಕ್ಕೆ ಒಬ್ಬ ಬಂಡಿಗಾರ್ತಿ ಬೇಕು ಎಂದು ಮಂಡಳಿ ಕೇಳಿತು. ಕೊಟ್ರವ್ವ ಹೆಸರು ಕೊಟ್ಟು ಬಂದಳು. ನನಗೆ ಮೈಯೆಲ್ಲ ಉರಿಯಿತು. ನನ್ನ ಬಾಯಿ ಮುಚ್ಚಿಸಿದವರ ಬಂಡಿಯನ್ನು ನನ್ನ ತಂಗಿ ನಡೆಸುವುದೇ? ಓಟದ ದಿನ ಬೆಳಿಗ್ಗೆ ಒಲೆಯ ಮುಂದೆ ದೊಡ್ಡ ಜಗಳ. ಹೋಗ್ಬೇಡ ಎಂದೆ. ನೀನು ಕಟ್ಟೆ ಮೇಲೆ ಕೂತು ಕೂತು ಕಲ್ಲಾಗೀಯ ಅಕ್ಕಾ, ಮರಳು ಎಲ್ಲೀತನಕ ಹೋಗುತ್ತೆ ಅಂತ ನಂಗೆ ನೋಡ್ಬೇಕು ಎಂದಳು. ಅನ್ನ ತಿಂದ ಮನೆಗೆ ಕನ್ನ ಹಾಕೋಳು ನೀನು ಎಂದೆ. ಅದು ಜಾಸ್ತಿಯಾಯಿತು. ಆದರೆ ಎಂದು ಬಿಟ್ಟಿದ್ದೆ.

ಕಟ್ಟೆಯ ಮೇಲೆ ಮಂಡಳಿಯವರೆಲ್ಲ ಇದ್ದರು. ನಾನೂ ಇದ್ದೆ, ನನ್ನ ಹಳೆಯ ಜಾಗದಲ್ಲಿ, ಗಿಳಿಯ ಪಕ್ಕ. ಕೊಟ್ರವ್ವ ಬಂಡಿ ಹತ್ತಿದಳು. ಹೊರಟೆ ಎಂದು ಚೆಂಬಿನ ಮರಳಿಗೆ ಹೇಳುವ ಮುಂಚೆ ನನ್ನ ಕಡೆ ತಿರುಗಿದಳು. ಈ ಸಲ ಕೂಗಲಿಲ್ಲ. ಆದೇಶ ಮೀರುವುದು ಮಂಡಳಿಯವರಿಗೆ ಕೇಳಬಾರದೆಂದು ತುಟಿಯಲ್ಲೇ, ಅಕ್ಕಾ, ಹೋಗಿ ಬರ್ತೀನಿ ಎಂದಳು. ನನಗೆ ಕೇಳಿಸಿತು. ಚೆನ್ನಾಗಿ ಕೇಳಿಸಿತು. ನಾನು ಸೆರಗು ಸರಿಮಾಡಿಕೊಳ್ಳುತ್ತ ಹೊಳೆಯ ಕಡೆ ಮುಖ ತಿರುಗಿಸಿದೆ. ಗಿಳಿ ಶುಭ ಪ್ರಯಾಣ ಎಂದಿತು. ಮತ್ತೆ ನಾನು ಮುಖ ತಿರುಗಿಸುವಷ್ಟರಲ್ಲಿ ಕಟ್ಟೆ ಖಾಲಿ ಇತ್ತು.

ಹತ್ತು ದಿನ ಕಾದರು. ಬಂಡಿ ಹೋಗಬೇಕಿದ್ದ ಊರಿಗೆ ಹೋಗಿತ್ತು, ಅಲ್ಲಿಯವರು ಅದನ್ನು ಒಂದು ಗಳಿಗೆ ಕಂಡಿದ್ದರು, ಆಮೇಲೆ ಅದು ಅವರ ಕಣ್ಣೆದುರಿಗೇ ಇನ್ನೂ ಮುಂದಕ್ಕೆ ಜಾರಿ ಹೋಗಿತ್ತು. ಎದ್ದ ಮರಳಿಗೆಲ್ಲ ಹೋಗುವುದೊಂದೇ ಕೆಲಸ. ಊರು ಮುಗಿದ ಮೇಲೂ ಮರಳು ಮುಗಿದಿರಲಿಲ್ಲ, ಹೋಗಲು ದಾರಿ ಇಲ್ಲದೆ, ಆಮೇಲೆ ತಿಳಿದಂತೆ, ಕಳೆದ ಕಾಲದ ದಿನಗಳೊಳಕ್ಕೆ ಹಿಂದೆ ಹಿಂದೆ ನುಗ್ಗಿತ್ತು. ಮಂಡಳಿ ಏನು ಬರೆದುಕೊಂಡಿತು ಗೊತ್ತೇ? ಪ್ರಯೋಗ ಯಶಸ್ವಿ. ಹಿಂತಿರುಗುವುದು ಪ್ರಯೋಗದ ವ್ಯಾಪ್ತಿಯಲ್ಲಿ ಇರಲಿಲ್ಲ. ವಾಗೀಶಯ್ಯ ಅದನ್ನು ನನ್ನ ಮನೆಗೆ ಬಂದು ಓದಿ ಹೇಳಿದರು. ನಾನು ಅವರಿಗೆ ಕುಡಿಯಲು ನೀರು ಕೊಟ್ಟೆ, ಮನೆಗೆ ಬಂದವರಲ್ಲವೇ ಎಂದು. ಚೆಂಬು ಕೆಳಗಿಟ್ಟ ಮೇಲೆ ಬಾಯಿಗೆ ಬಂದದ್ದನ್ನೆಲ್ಲ ಅಂದೆ. ಅವರು ಹೊರಡುವಾಗ ಹೊಸ್ತಿಲಲ್ಲಿ ನಿಂತು, ಅಭ್ಯಾಸಬಲದಿಂದ, ಬರ್ತೀನವ್ವಾ ಎಂದರು. ನನ್ನ ಗಂಟಲಿನಲ್ಲೂ ಬಾ ಎಂಬುದು ಬಂದೇ ಬಿಟ್ಟಿತ್ತು. ನುಂಗಿಕೊಂಡೆ. ಬಾ ಎನ್ನುತ್ತೇನೆಂದು ಅವರು ಕಾದರು, ಹೊಸ್ತಿಲು ದಾಟಲು ಕಾಲೇ ಬರಲಿಲ್ಲ. ಆಗ ಅವರಿಗೆ ಅರ್ಥವಾಯಿತು. ಕೆಟ್ಟ ಮೇಲೆ ಬುದ್ಧಿ ಬಂತು, ಅಟ್ಟ ಮೇಲೆ ಒಲೆ ಉರಿಯಿತು. ಮರುವಾರ ಗಿಳಿಯನ್ನು ಕಿತ್ತು ಒಯ್ದರು, ನನ್ನ ಕೆಲಸ ನನಗೆ ಕೊಟ್ಟರು. ನನ್ನ ತಂಗಿಯನ್ನು ಕೊಡಲಿಲ್ಲ.

ಎರಡು ತಿಂಗಳ ಮೇಲೆ ಒಂದು ಮಧ್ಯಾಹ್ನ ಬಂಡಿಯ ಚೆಂಬೊಂದೇ ಗಾಳಿಯಲ್ಲಿ ಬಂದು ಕಟ್ಟೆಗೆ ಠಣ್ಣನೆ ಬಡಿಯಿತು. ಚೆಂಬಿಗೆ ಅವಳು ಅಲ್ಲಿಂದ ಹೋಗಿ ಬಾ ಎಂದಿದ್ದಳು, ಅದು ಬಂತು. ತಳದಲ್ಲಿ ಅರ್ಧ ಚಿಟಿಕೆ ಮರಳು, ಅದರ ಮೇಲೆ ಸುರುಳಿ ಸುತ್ತಿದ ಒಂದು ತುಂಡು ಕಾಗದ. ಮೇಷ್ಟರು ಅದನ್ನು ಓದಿ, ಇದು ಹಿಂದಿನವರ ಬಸ್ಸಿನ ಚೀಟಿ ಎಂದರು. ಹರಿಹರದಿಂದ ರಾಣೆಬೆನ್ನೂರಿಗೆ, ತಾರೀಖು ನಿಮ್ಮದೇ ಕಾಲದ್ದು. ದರದ ಜಾಗದಲ್ಲಿ ಸೊನ್ನೆ ಇತ್ತು. ಹೆಣ್ಣುಮಕ್ಕಳು ಪುಕ್ಕಟೆ ಹೋಗುತ್ತಿದ್ದ ಕಾಲವಂತೆ. ಗುರುತಿನ ಚೀಟಿ ಕೇಳಿದ ಕಂಡಕ್ಟರಿಗೆ ಅವಳು ಏನು ತೋರಿಸಿ ನಂಬಿಸಿದಳೋ, ಬಾಯಿ ಇದ್ದವಳು. ಆ ಒಂದು ವಿಷಯಕ್ಕೆ ನಿಮ್ಮನ್ನು ಬಯ್ಯುವುದಿಲ್ಲ. ಚೀಟಿಯ ಹಿಂಬದಿಯಲ್ಲಿ ಇರುವೆ ಸಾಲಿನಂಥ ಅಕ್ಷರದಲ್ಲಿ ಅವಳು ಬರೆದದ್ದನ್ನು ಹಾಗೆಯೇ ಇಲ್ಲಿ ಇಳಿಸುತ್ತೇನೆ.

"ಅಕ್ಕಾ, ಚೆನ್ನಾಗಿದೀನಿ. ನನ್ನ ಸೆರಗಿನ ಗಂಟಿನಾಗೆ ಒಂದು ಹಿಡಿ ಮರಳು ಐತೆ. ದಿನಾ ಸಂಜೆ ಬಸ್ ಸ್ಟ್ಯಾಂಡಿನಾಗೆ ನಿಂತು, ಸಿಕ್ಕೋರಿಗೆಲ್ಲ ಹೋಗಿ ಬರ್ತೀನಿ ಅಂತೀನಿ. ಒಬ್ರೂ ಬಾ ಅನ್ನವಲ್ರು. ಎಲ್ಲಾರೂ ಬೈ, ಬೈ ಅಂತಾರೆ. ಯಾರನ್ನ ಬೈಲಿ ಅಕ್ಕಾ?"

ಮೊದಲ ಸಲ ಓದಿ ನಕ್ಕೆ. ಅವಳು ನಗಿಸಲೆಂದೇ ಬರೆದದ್ದು. ಎರಡನೆಯ ಸಲ ಓದಿ, ಈ ಪತ್ರಕ್ಕೆ ಕಾಗದ ಹುಡುಕಿದೆ.

ಬೈ ಎಂದರೆ ಬಯ್ಯಿ ಎಂದಲ್ಲವೇ? ಹೋಗುವಾಗ ಬರುವಾಗ, ಕಿವಿಗೆ ಯಂತ್ರ ಇಟ್ಟುಕೊಂಡು, ಮಕ್ಕಳ ಕೈ ಹಿಡಿದು ಅಲ್ಲಾಡಿಸಿ, ಬೈ ಬೈ ಎಂದು ನೀವೇ ಬಾಯಿಬಿಟ್ಟು ಕೇಳುತ್ತಿದ್ದೀರಲ್ಲ, ತೆಗೆದುಕೊಳ್ಳಿ, ಬಯ್ಯುತ್ತೇನೆ. ನಿಮ್ಮ ಅಜ್ಜಿಯರು ಡಬ್ಬಿಯಲ್ಲಿ ಅಕ್ಕಿ ಮುಗಿದರೆ ಇಲ್ಲ ಎನ್ನದೆ ತುಂಬಿದೆ ಎನ್ನುತ್ತಿದ್ದರು. ದೀಪ ಆರಿಸು ಎನ್ನದೆ ದೊಡ್ಡದು ಮಾಡು ಎನ್ನುತ್ತಿದ್ದರು. ಮನೆಯಿಂದ ಹೊರಡುವವರು ಹೋಗ್ತೀನಿ ಎಂದರೆ ಬಾಯಿ ಮುಚ್ಚಿಸಿ, ಬರ್ತೀನಿ ಅನ್ನು ಎಂದು ತಿದ್ದುತ್ತಿದ್ದರು. ಅವರಿಗೆ ಮರಳು ಕಾಣಿಸಿರಲಿಲ್ಲ, ಆದರೂ ಮಾತು ಕೆಲಸ ಮಾಡುತ್ತದೆಂದು ಗೊತ್ತಿತ್ತು. ನೀವು ಓದಿದವರು, ಬುದ್ಧಿವಂತರು, ಅದು ಅಜ್ಜಿಯರ ಹುಚ್ಚು ಎಂದಿರಿ. ಒಂದು ಇಡೀ ಜನ ಸಾವಿರ ವರ್ಷ ತಿದ್ದಿ ತೀಡಿ ಇಟ್ಟುಕೊಂಡಿದ್ದ ಮಾತನ್ನು, ಉದ್ದವಾಯಿತು ಎಂದು ಮೂಲೆಗೆ ಎಸೆದಿರಿ. ಅಷ್ಟು ಹೊತ್ತು ಉಳಿಸಿ ಏನು ಮಾಡಿದಿರಿ? ಯಾವ ಬೆಟ್ಟ ಕಡಿದಿರಿ? ಆ ಮಾತನ್ನಾಡುವವರು ಇಲ್ಲವಾದ ಮೇಲೆ ಅರ್ಥವೂ ಪುಸ್ತಕದಿಂದ ಹೋಯಿತು, ಅದೇ ಪುಸ್ತಕ ವಾಗೀಶಯ್ಯನವರ ಕೈಗೆ ಬಂತು. ನೀವು ಅಲ್ಲಿ ಒಂದು ಮಾತು ಬಿಟ್ಟದ್ದಕ್ಕೆ ನನ್ನ ತಂಗಿ ಇಲ್ಲಿಂದ ಕಳೆದುಹೋದಳು.

ಅದು ಅಷ್ಟೇ ಆಗಿದ್ದರೆ ಎಷ್ಟು ಚೆನ್ನಾಗಿತ್ತು. ಮಂಡಳಿಯನ್ನು ಬಯ್ದಾಯಿತು, ನಿಮ್ಮನ್ನು ಬಯ್ದಾಯಿತು. ಮೂರನೆಯವಳು ಉಳಿದಿದ್ದಾಳೆ. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಎನ್ನುತ್ತಾರೆ. ಆಡದ ಮಾತಿನಿಂದ ಹೋಗುವುದರ ಬಗ್ಗೆ ಗಾದೆ ಇಲ್ಲ. ನೀವು ಮಾತಿನ ಬೆಲೆ ತಿಳಿಯದೆ ಬಿಟ್ಟಿರಿ. ನಾನು ತಿಳಿದೂ ನುಂಗಿದೆ. ನಲವತ್ತೊಂದು ವರ್ಷ ಗುರುತಿಲ್ಲದವರಿಗೆಲ್ಲ ಬಾ ಎಂದವಳು, ನಾನೇ ಸಾಕಿದವಳಿಗೆ ಒಂದು ಸಲ ಅನ್ನಲಿಲ್ಲ. ಅಂದಿದ್ದರೆ ಅರ್ಧ ಮರಳು ಕೂತಿರುತ್ತಿತ್ತು, ಆದೇಶ ಇರಲಿ ಗಿಳಿ ಇರಲಿ. ಇದನ್ನು ಮೇಷ್ಟರು ಬರೆಯುವುದು ಬೇಡ ಎಂದರು. ಬರೆಯುತ್ತೇನೆ ಎಂದೆ.

ಈಗ ದಿನಾ ಕಟ್ಟೆಯ ಮೇಲೆ ಕೂತು ಬಾ, ಬಾ ಎಂದು ಕೂಗುತ್ತೇನೆ. ಇಲ್ಲಿಂದ ಕೂಗಿದರೆ ಪ್ರಯೋಜನವಿಲ್ಲ. ಅವಳು ಈಗ ಹೊರಡಬೇಕಾದದ್ದು ನಿಮ್ಮ ಊರಿನಿಂದ, ಕಳಿಸಿಕೊಡಬೇಕಾದವರು ನೀವು. ಚೆಂಬಿನ ತಳದ ಅರ್ಧ ಚಿಟಿಕೆ ದಾರಿ ಬಲ್ಲ ಮರಳು. ಅದು ಒಂದು ಮುದುಕಿಯನ್ನು ಹೊರಲಾರದು, ನಾಲ್ಕು ಹಾಳೆ ಕಾಗದವನ್ನು ಹೊರುತ್ತದೆ. ಹಾಗಾಗಿ ಈ ಪತ್ರವನ್ನು ಅದಕ್ಕೆ ಕಟ್ಟುತ್ತೇನೆ. ಇದಕ್ಕೆ ನಾನು ಬಾ ಎನ್ನುವುದಿಲ್ಲ, ಹೋಗು ಎನ್ನುತ್ತೇನೆ. ತಿರುಗಿ ಬರಬೇಕಾದದ್ದು ಪತ್ರವಲ್ಲ.

ನಿಮ್ಮನ್ನು ಕೇಳಿಕೊಳ್ಳುವುದು ಇಷ್ಟು. ನಲವತ್ತೇಳರ ಒಬ್ಬ ಹೆಂಗಸು, ಎಡಗಡೆ ಹಲ್ಲು ಸ್ವಲ್ಪ ಮುಂದೆ, ಸೆರಗಿನ ತುದಿಯಲ್ಲಿ ನೇರಳೆ ಬಣ್ಣದ ಗಂಟು, ದನಿ ದೊಡ್ಡದು. ಬಸ್ಸಿಗೆ ಕಾಯುವಾಗ ಗುರುತು ಪರಿಚಯವಿಲ್ಲದವಳು ನಿಮ್ಮ ಮುಖ ನೋಡಿ ಹೋಗಿ ಬರ್ತೀನಿ ಎಂದರೆ, ತಲೆ ಕೆಟ್ಟವಳೆಂದು ಪಕ್ಕಕ್ಕೆ ಸರಿಯಬೇಡಿ. ಅವಳು ಬೇರೆ ಊರಿಗೂ ಹೋಗಿರಬಹುದು, ವಯಸ್ಸಾಗಿ ಗುರುತು ಮಾಸಿರಬಹುದು, ಅಲ್ಲಿ ಎಷ್ಟು ವರ್ಷ ಕಳೆದಿವೆಯೋ ನನಗೆ ತಿಳಿಯದು. ಆದ್ದರಿಂದ ಯಾರು ಹಾಗೆಂದರೂ ಉತ್ತರ ಕೊಡಿ. ನಿಮ್ಮ ಮನೆಯವರಿಗೂ ಕೊಡಿ. ಜಗಳ ಆಡಿದ ದಿನ ಮುಖ ಬೇಕಾದರೆ ತಿರುಗಿಸಿಕೊಳ್ಳಿ, ಮಾತನ್ನು ಮಾತ್ರ ಕೊಟ್ಟುಬಿಡಿ.

ಇನ್ನೊಂದು. ಮರಳಿಗೆ ಓದು ಬರುವುದಿಲ್ಲ, ಬರೆದ ಮಾತು ಅದಕ್ಕೆ ಬರೀ ಶಾಯಿ. ಅದಕ್ಕೆ ಬಾಯಿ ಬೇಕು, ಆ ಬಾಯಿ ನಿಮ್ಮದು. ಕೊಟ್ರವ್ವ ಎಲ್ಲಿ ನಿಂತಿದ್ದಾಳೋ ನನಗೆ ಕಾಣಿಸದು, ನೀವು ಇದನ್ನು ಓದುತ್ತಿರುವ ಕಡೆ ನಿಮ್ಮ ಹಿಂದೆಯೇ ನಿಂತಿರಬಹುದು. ಆದ್ದರಿಂದ ಕೆಳಗಿನ ಒಂದು ಸಾಲನ್ನು ಮನಸ್ಸಿನಲ್ಲೇ ಓದಿ ಮುಗಿಸಬೇಡಿ. ಗಟ್ಟಿಯಾಗಿ ಓದಿ. ಪಕ್ಕದವರು ನಕ್ಕರೆ ನಗಲಿ. ಆ ಬೆಳಿಗ್ಗೆ ಕಟ್ಟೆಯ ಮೇಲೆ ನಾನು ಅನ್ನದೆ ಉಳಿಸಿಕೊಂಡದ್ದು ಅದು, ನನಗಾಗಿ ನೀವು ಅನ್ನಬೇಕು.

ಇಂತು ಬಯ್ದವಳು,
ಕಡವಿನ ಬಾಗಾರ್ತಿ ಹಾಲಮ್ಮ

ಕೊಟ್ರವ್ವಾ, ಹೋಗಿ ಬಾ.